ಆಪರೇಷನ್ ಒಪ್ಪಿಗೆ ಪತ್ರಕ್ಕೆ ಸಹಿ ಯಾರದ್ದಿರಬೇಕು? ಕೋರ್ಟುಗಳು ಇದುವರೆಗೆ ಏನು ಹೇಳಿವೆ?

ಜಯನಗರ_ಕ್ವಾಲಿಟಿ ಕೇಳಿದ್ದು:

ಜಯನಗರದ ಕಡೆ 40 ಹಾಸಿಗೆಯ ನರ್ಸಿಂಗ್ ಹೋಂ ಒಂದರ ಕನ್ಸೆಂಟ್ ಫಾರ್ಮುಗಳನ್ನು ಹೊಸದಾಗಿ ಬರೆಯಬೇಕಿದೆ. ಈಗ ಬಳಕೆಯಲ್ಲಿರುವುದು ಎಲ್ಲ ಆಪರೇಷನ್ನಿಗೂ ಒಂದೇ ಹಾಳೆ, ಅದೂ ಇಂಗ್ಲಿಷಿನಲ್ಲಿ. ಡಾಕ್ಟರಿಗೆ ಅಗತ್ಯವೆಂದು ತೋರಿದ ಯಾವ ಚಿಕಿತ್ಸೆಯನ್ನಾದರೂ ಮಾಡಬಹುದು, ಹೆಚ್ಚುಕಮ್ಮಿಯಾದರೆ ಆಸ್ಪತ್ರೆ ಹೊಣೆಯಲ್ಲ ಎಂಬ ಒಕ್ಕಣೆ. ಕೆಳಗೆ ಅಟೆಂಡರ್ ಸಹಿ. ರೋಗಿ ಎಚ್ಚರವಾಗಿ ಮಾತಾಡಿಕೊಂಡು ಕೂತಿದ್ದರೂ ಫಾರ್ಮ್ ಹೋಗುವುದು ಗಂಡನ ಕೈಗೋ ಮಗನ ಕೈಗೋ.

ಗೊತ್ತಾಗಬೇಕಿರುವುದು ಮೂರು. ಎಚ್ಚರವಿರುವ ವಯಸ್ಕ ರೋಗಿಯ ಬದಲು ಮನೆಯವರು ಹಾಕಿದ ಸಹಿಗೆ ಕಾನೂನಿನಲ್ಲಿ ಬೆಲೆ ಇದೆಯೇ? ಹೊಟ್ಟೆ ತೆರೆದ ಮೇಲೆ ಬೇರೇನೋ ಕಂಡರೆ, ಓಟಿ ಹೊರಗೆ ನಿಂತವರನ್ನು ಕೇಳಿ ಮುಂದುವರಿಯಬಹುದೇ? ಐಸಿಯುನಲ್ಲಿ ಮನೆಯವರು "ಸಾಕು, ವೆಂಟಿಲೇಟರ್ ತೆಗೆದುಬಿಡಿ" ಅಂದಾಗ ಯಾವ ಕಾಗದ ಬೇಕು? ಸದ್ಯಕ್ಕೆ ಪೊಲೀಸ್ ಕೇಸಿನ ಭಯಕ್ಕೆ ಡ್ಯೂಟಿ ಡಾಕ್ಟರುಗಳು "ಸಲಹೆಗೆ ವಿರುದ್ಧವಾಗಿ ಡಿಸ್ಚಾರ್ಜ್" ಅಂತ ಬರೆಸಿಕೊಂಡು ಕಳಿಸುವ ರೂಢಿ ಇದೆ. "ಹುಷಾರಾಗಿರಿ" ಅನ್ನುವ ಬುದ್ಧಿಮಾತು ಬೇಡ. ಯಾವ ತೀರ್ಪು, ಅದರಲ್ಲಿ ಏನಿದೆ, ಫಾರ್ಮಿನಲ್ಲಿ ಏನು ಬದಲಾಗಬೇಕು, ಅಷ್ಟು ಹೇಳಿ.

ಸಿಟಿಸಿವಿಲ್_ವಕೀಲ:

ಮೊದಲ ಎರಡು ಪ್ರಶ್ನೆಗೂ ಉತ್ತರ ಒಂದೇ ತೀರ್ಪಿನಲ್ಲಿದೆ. ಸಮೀರಾ ಕೊಹ್ಲಿ ವಿರುದ್ಧ ಡಾ. ಪ್ರಭಾ ಮನ್‌ಚಂದಾ, ಸುಪ್ರೀಂ ಕೋರ್ಟ್, 16 ಜನವರಿ 2008. ಮೂವರು ನ್ಯಾಯಮೂರ್ತಿಗಳ ಪೀಠ. ತೀರ್ಪು ಬರೆದವರು ನಮ್ಮ ಹೈಕೋರ್ಟಿನಿಂದಲೇ ಹೋದ ಆರ್.ವಿ. ರವೀಂದ್ರನ್.

1995ರ ಮೇ ತಿಂಗಳಲ್ಲಿ 44 ವರ್ಷದ ಅವಿವಾಹಿತ ಮಹಿಳೆ ಮುಟ್ಟಿನ ರಕ್ತಸ್ರಾವ ನಿಲ್ಲುತ್ತಿಲ್ಲವೆಂದು ಕ್ಲಿನಿಕ್ಕಿಗೆ ಬರುತ್ತಾರೆ. ಲ್ಯಾಪ್ರೊಸ್ಕೋಪಿ, ಅಂದರೆ ಸಣ್ಣ ರಂಧ್ರದಿಂದ ಕ್ಯಾಮೆರಾ ಇಳಿಸುವ ವಿಧಾನ, ಮಾಡಿ ನೋಡೋಣ ಎಂದು ನಿರ್ಧಾರವಾಗುತ್ತದೆ. ಫಾರ್ಮಿನಲ್ಲಿ ಬರೆದದ್ದು ರೋಗಪತ್ತೆಯ ಹಾಗೂ ಚಿಕಿತ್ಸೆಯ ಲ್ಯಾಪ್ರೊಸ್ಕೋಪಿ, ಅಗತ್ಯ ಬಿದ್ದರೆ ಹೊಟ್ಟೆ ತೆರೆಯಬೇಕಾಗಬಹುದು ಎಂದು. ಸಹಿ ಅವರದೇ. ಅರಿವಳಿಕೆಯಲ್ಲಿದ್ದಾಗ ಎಂಡೊಮೆಟ್ರಿಯೋಸಿಸ್ (ಗರ್ಭಕೋಶದ ಒಳಪದರದಂಥ ಅಂಗಾಂಶ ಹೊರಗೆ ಬೆಳೆಯುವ ಕಾಯಿಲೆ) ಬಹಳ ಮುಂದುವರಿದಿರುವುದು ಕಾಣುತ್ತದೆ. ಸಹಾಯಕ ವೈದ್ಯೆ ಹೊರಗೆ ಬಂದು, ಕಾಯುತ್ತಿದ್ದ ವಯಸ್ಸಾದ ತಾಯಿಯ ಸಹಿ ಪಡೆಯುತ್ತಾರೆ. ಗರ್ಭಕೋಶ, ಎರಡೂ ಅಂಡಾಶಯ, ನಾಳಗಳು, ಎಲ್ಲವನ್ನೂ ತೆಗೆಯಲಾಗುತ್ತದೆ.

ಕೋರ್ಟ್ ಹೇಳಿದ್ದು: ಆಪರೇಷನ್ ಕೆಟ್ಟದಾಗಿ ಮಾಡಿದ್ದಾರೆಂದಲ್ಲ, ದುರುದ್ದೇಶವಿತ್ತೆಂದೂ ಅಲ್ಲ. ಆದರೆ ಅನುಮತಿಯೇ ಇರಲಿಲ್ಲ. ಮಗಳು ವಯಸ್ಕಳು, ಬುದ್ಧಿ ನೆಟ್ಟಗಿದೆ, ಅರಿವಳಿಕೆ ಇಳಿದರೆ ಎಚ್ಚರವಾಗುತ್ತಾಳೆ. ಕಾದಿದ್ದರೆ ಜೀವಕ್ಕೆ ಆಪತ್ತಿರಲಿಲ್ಲ. ಹಾಗಿರುವಾಗ ತಾಯಿಯ ಸಹಿಗೆ ಬೆಲೆಯಿಲ್ಲ. "ಹೇಗೂ ಇನ್ನೊಮ್ಮೆ ಮಾಡಬೇಕಿತ್ತು, ಎರಡನೇ ಅರಿವಳಿಕೆ, ಎರಡನೇ ಖರ್ಚು ಉಳಿಯಿತಲ್ಲ" ಎಂಬ ವಾದವನ್ನೂ ಒಪ್ಪಲಿಲ್ಲ. ಒಪ್ಪಿಗೆಯಿಲ್ಲದೆ ಮುಂದುವರಿಯುವುದಕ್ಕೆ ಇರುವ ಬಾಗಿಲು ಒಂದೇ: ರೋಗಿಯ ಜೀವ ಅಥವಾ ಆರೋಗ್ಯ ಉಳಿಸಲು ಆಗಲೇ ಮಾಡಬೇಕಾಗಿದ್ದು, ಎಚ್ಚರವಾಗುವ ತನಕ ತಡೆಯುವುದು ಅಸಮಂಜಸವಾಗುವ ಸಂದರ್ಭ.

ಪರಿಹಾರ ಎಷ್ಟು ಗೊತ್ತೇ? ಕೇಳಿದ್ದು 25 ಲಕ್ಷ, ಕೊಟ್ಟದ್ದು 25 ಸಾವಿರ. ಜೊತೆಗೆ ಆಪರೇಷನ್ ಶುಲ್ಕ ಡಾಕ್ಟರಿಗೆ ಇಲ್ಲ. ಈ ಮೊತ್ತ ನೋಡಿ ಎಷ್ಟೋ ಆಸ್ಪತ್ರೆಗಳು ತೀರ್ಪನ್ನು ಹಗುರವಾಗಿ ತೆಗೆದುಕೊಂಡವು. ಅದು ತಪ್ಪು ಲೆಕ್ಕ. ಅಲ್ಲಿ ಆಪರೇಷನ್ ಸರಿಯಾಗಿಯೇ ಆಗಿತ್ತು, ಅದಕ್ಕೇ ಮೊತ್ತ ಕಡಿಮೆ. ಒಪ್ಪಿಗೆಯೂ ಇಲ್ಲ, ಫಲಿತಾಂಶವೂ ಕೆಟ್ಟಿತು ಅಂದಾಗ ಏನಾಗುತ್ತದೆ ಎಂಬುದಕ್ಕೆ ಹೈದರಾಬಾದಿನ ನಿಜಾಮ್ಸ್ ಇನ್‌ಸ್ಟಿಟ್ಯೂಟ್ ಪ್ರಕರಣ (2009) ನೋಡಿ. ಎದೆಯೊಳಗಿನ ಗಡ್ಡೆಯ ಬಯಾಪ್ಸಿಗಷ್ಟೇ ಒಪ್ಪಿಗೆ, ತೆಗೆದದ್ದು ಇಡೀ ಗಡ್ಡೆ, ನರ ಶಸ್ತ್ರತಜ್ಞರು ಜೊತೆಗಿರಲಿಲ್ಲ, ಯುವಕನ ಸೊಂಟದ ಕೆಳಗೆ ಸ್ವಾಧೀನ ಹೋಯಿತು. ಸುಪ್ರೀಂ ಕೋರ್ಟ್ ಕೊಡಿಸಿದ್ದು 1 ಕೋಟಿ.

ನಿಮ್ಮ "ಯಾವ ಚಿಕಿತ್ಸೆಯಾದರೂ" ಒಕ್ಕಣೆಗೆ ಬರೋಣ. ಸಮೀರಾ ಕೊಹ್ಲಿ ತೀರ್ಪಿನ ಪ್ರಕಾರ ಒಂದು ನಿರ್ದಿಷ್ಟ ಚಿಕಿತ್ಸೆಗೆ ಕೊಟ್ಟ ಒಪ್ಪಿಗೆ ಇನ್ನೊಂದಕ್ಕೆ ಸಲ್ಲುವುದಿಲ್ಲ, ಪರೀಕ್ಷೆಗೆ ಕೊಟ್ಟದ್ದು ಚಿಕಿತ್ಸೆಗೆ ಸಲ್ಲುವುದಿಲ್ಲ. ಆದರೆ ಮುಂದೆ ಹೀಗಾಗಬಹುದು ಎಂದು ಮೊದಲೇ ಊಹಿಸಬಹುದಾದದ್ದನ್ನು ಹೆಸರಿಸಿ, ವಿವರಿಸಿ, ಎರಡಕ್ಕೂ ಒಟ್ಟಿಗೇ ಸಹಿ ಪಡೆಯುವುದಕ್ಕೆ ಅಡ್ಡಿಯಿಲ್ಲ. ನಿಮ್ಮ ಎರಡನೇ ಪ್ರಶ್ನೆಗೆ ಪರಿಹಾರವಿರುವುದು ಇಲ್ಲೇ. ಓಟಿ ಬಾಗಿಲಲ್ಲಿ ಮನೆಯವರನ್ನು ಕೇಳುವ ಬದಲು ಹಿಂದಿನ ದಿನವೇ ರೋಗಿಯನ್ನು ಕೇಳಿ. "ಆಸ್ಪತ್ರೆ ಹೊಣೆಯಲ್ಲ" ಎಂಬ ಸಾಲನ್ನು ಹೊಡೆದುಹಾಕಿ. ನಿರ್ಲಕ್ಷ್ಯ ಸಾಬೀತಾದರೆ ಅದು ಯಾರನ್ನೂ ಕಾಪಾಡುವುದಿಲ್ಲ. ಓದಿದ ಗ್ರಾಹಕ ಆಯೋಗಕ್ಕೆ ಮೊದಲ ನೋಟದಲ್ಲೇ ಕೆಟ್ಟ ಅಭಿಪ್ರಾಯ ಬರುತ್ತದೆ, ಅಷ್ಟೇ.

ಎಂಆರ್‌ಡಿ_ಮಂಜುಳಾ:

ವಕೀಲರು ಹೇಳಿದ್ದನ್ನು ಹಾಳೆಗೆ ಇಳಿಸುವಾಗ ಎಡವುವ ಜಾಗಗಳು ಇವು.

ಪ್ರತಿ ಆಪರೇಷನ್ನಿಗೆ ಪ್ರತ್ಯೇಕ ಫಾರ್ಮ್ ಇರಲಿ. ನಿಮ್ಮಲ್ಲಿ ಹೆಚ್ಚು ನಡೆಯುವ ಹತ್ತು ಹನ್ನೆರಡು ಆಪರೇಷನ್ನುಗಳಿಂದ ಶುರುಮಾಡಿದರೆ ಮುಕ್ಕಾಲು ಕೆಲಸ ಮುಗಿಯುತ್ತದೆ. ಅರಿವಳಿಕೆಗೆ ಬೇರೆ ಹಾಳೆ, ಅದನ್ನು ವಿವರಿಸಬೇಕಾದವರು ಅರಿವಳಿಕೆ ತಜ್ಞರು. ರಕ್ತ ಕೊಡುವುದಕ್ಕೆ ಬೇರೆ. ಎಚ್‌ಐವಿ ಪರೀಕ್ಷೆಗೆ ಬೇರೆಯೇ ಬೇಕು. 2017ರ ಎಚ್‌ಐವಿ ಕಾಯಿದೆ ಬಂದ ಮೇಲೆ, ಆಪರೇಷನ್ನಿಗೆ ಮುಂಚಿನ ರಕ್ತಪರೀಕ್ಷೆಗಳ ಕಟ್ಟಿನಲ್ಲಿ ಅದನ್ನೂ ಕೇಳದೆ ಸೇರಿಸಿಬಿಡುವುದು ನಡೆಯುವುದಿಲ್ಲ.

ಏನೇನು ಬರೆಯಬೇಕು ಎಂಬುದನ್ನು ತೀರ್ಪೇ ಹೇಳಿಬಿಟ್ಟಿದೆ: ಏನು ಮಾಡುತ್ತೇವೆ, ಯಾಕೆ, ಏನು ಪ್ರಯೋಜನ, ಬೇರೆ ದಾರಿ ಏನಿದೆ, ಗಣನೀಯ ಅಪಾಯಗಳೇನು, ಮಾಡಿಸಿಕೊಳ್ಳದಿದ್ದರೆ ಏನಾಗುತ್ತದೆ. ಪಿತ್ತಕೋಶದ ಲ್ಯಾಪ್ರೊಸ್ಕೋಪಿ ತೆಗೆದುಕೊಳ್ಳಿ. "ಸಣ್ಣ ರಂಧ್ರಗಳ ಮೂಲಕ ಪಿತ್ತಕೋಶ ತೆಗೆಯುತ್ತೇವೆ. ಒಳಗೆ ಅಂಟಿಕೊಂಡಿದ್ದರೆ ಅಥವಾ ರಕ್ತ ನಿಲ್ಲದಿದ್ದರೆ ಹೊಟ್ಟೆ ತೆರೆಯಬೇಕಾಗುತ್ತದೆ. ಪಿತ್ತನಾಳಕ್ಕೆ ಗಾಯವಾಗುವ ಸಾಧ್ಯತೆ ಕಡಿಮೆ, ಹಾಗೇನಾದರೂ ಆದರೆ ಇನ್ನೊಂದು ದೊಡ್ಡ ಆಪರೇಷನ್ ಬೇಕಾಗುತ್ತದೆ. ನಾಳದಲ್ಲಿ ಕಲ್ಲು ಉಳಿದಿದ್ದರೆ ಬಾಯಿಯಿಂದ ಕೊಳವೆ ಇಳಿಸಿ ತೆಗೆಯಬೇಕಾಗಬಹುದು. ಈಗ ಬೇಡವೆಂದರೆ ಮತ್ತೆ ನೋವು, ಕಾಮಾಲೆ, ಮೇದೋಜೀರಕ ಗ್ರಂಥಿಯ ಊತ ಬರಬಹುದು." ಇಷ್ಟೇ ಸಾಕು. ಮೂರು ಪುಟದ ಕಾನೂನು ಭಾಷೆಯನ್ನು ಯಾರೂ ಓದುವುದಿಲ್ಲ, ಓದಿಲ್ಲವೆಂದು ಆಯೋಗಕ್ಕೂ ಗೊತ್ತಿರುತ್ತದೆ.

ಭಾಷೆಯ ವಿಷಯ. ಜಯನಗರದಲ್ಲಿ ಬರೀ ಕನ್ನಡ ಸಾಲದು. ತಮಿಳು, ತೆಲುಗು, ಉರ್ದು, ಹಿಂದಿ, ಈಚೆಗೆ ಬಂಗಾಳಿ. ಎಲ್ಲದರಲ್ಲೂ ಅಚ್ಚು ಹಾಕಿಸಲಾಗದಿದ್ದರೆ "ನನಗೆ ಇಂಥ ಭಾಷೆಯಲ್ಲಿ ಇಂಥವರು ವಿವರಿಸಿದರು" ಎಂಬ ಸಾಲು, ಅದರ ಮುಂದೆ ವಿವರಿಸಿದವರ ಹೆಸರು, ಸಹಿ. ಹೆಬ್ಬೆಟ್ಟಾದರೆ ಯಾವ ಕೈಯದೆಂದು ಬರೆದು, ಆಸ್ಪತ್ರೆಯ ನೌಕರರಲ್ಲದ ಒಬ್ಬರ ಸಾಕ್ಷಿ.

ದಿನಾಂಕದ ಜೊತೆ ಗಂಟೆಯೂ ಇರಲಿ. ಫಾರ್ಮಿನಲ್ಲಿ ಗಂಟೆ ಇಲ್ಲ, ನರ್ಸಿಂಗ್ ಚಾರ್ಟಿನಲ್ಲಿ ಬೆಳಿಗ್ಗೆ 7:10ಕ್ಕೆ ಮಂಪರು ತರುವ ಮಿಡಜೋಲಂ ಕೊಟ್ಟಿದೆ ಅಂದರೆ, ಮಂಪರಿನಲ್ಲಿ ಸಹಿ ಹಾಕಿಸಿದ್ದೀರಿ ಎಂಬ ಪ್ರಶ್ನೆಗೆ ಉತ್ತರ ಇರುವುದಿಲ್ಲ. ವಿವರಿಸಬೇಕಾದವರು ಆಪರೇಷನ್ ಮಾಡುವ ಡಾಕ್ಟರು, ಇಲ್ಲವೇ ಅವರ ತಂಡದಲ್ಲಿರುವ ಡಾಕ್ಟರು. ಸ್ಟಾಫ್ ನರ್ಸ್ ಸಾಕ್ಷಿ ಹಾಕಬಹುದೇ ಹೊರತು ಒಪ್ಪಿಗೆ "ತರುವ" ಕೆಲಸ ಅವರದಲ್ಲ. ಎಡ, ಬಲ ಎಂಬುದನ್ನು ಪೂರ್ತಿ ಅಕ್ಷರದಲ್ಲೇ ಬರೆಯಿರಿ. ಖಾಲಿ ಜಾಗ ಬಿಟ್ಟ ಫಾರ್ಮಿಗೆ ಮೊದಲೇ ಸಹಿ ಹಾಕಿಸಿಟ್ಟು ಆಮೇಲೆ ತುಂಬುವುದು ಎಲ್ಲಕ್ಕಿಂತ ಅಪಾಯ. ಇಂಕಿನ ಬಣ್ಣ, ಕೈಬರಹ ಎರಡೂ ಹೇಳಿಬಿಡುತ್ತವೆ.

ಸಹಿ ಜಾಗದ ವಿನ್ಯಾಸ: ಮೇಲೆ ದೊಡ್ಡದಾಗಿ ರೋಗಿಯ ಸಹಿ. ಅದರ ಕೆಳಗೆ "ರೋಗಿ ಸಹಿ ಹಾಕದಿರಲು ಕಾರಣ" ಎಂಬ ಪೆಟ್ಟಿಗೆ: 18ರೊಳಗಿನವರು, ಪ್ರಜ್ಞೆ ಇಲ್ಲ, ತಿಳಿದು ನಿರ್ಧರಿಸುವ ಸ್ಥಿತಿಯಲ್ಲಿಲ್ಲ. ಕಾರಣಕ್ಕೆ ಟಿಕ್ ಹಾಕದೆ ಮನೆಯವರ ಸಹಿಯ ಜಾಗ ಬರಲೇಬಾರದು. ಈ ಒಂದು ಪೆಟ್ಟಿಗೆಯಿಂದ ವಾರ್ಡಿನ ಅಭ್ಯಾಸ ಬದಲಾಗುವಷ್ಟು ಯಾವ ಟ್ರೇನಿಂಗಿನಿಂದಲೂ ಬದಲಾಗುವುದಿಲ್ಲ.

ಸರ್ಜನ್_ರಾವ್:

ಒಂದು ತಕರಾರು. ಎಲ್ಲ ಅಪಾಯವನ್ನೂ ಪಟ್ಟಿ ಮಾಡಿ ಹೇಳಿದರೆ ಅರ್ಧ ಜನ ಎದ್ದು ಹೋಗುತ್ತಾರೆ, ಹೋದವರು ತಿಂಗಳ ಮೇಲೆ ಕೀವು ತುಂಬಿಸಿಕೊಂಡು ಎಮರ್ಜೆನ್ಸಿಗೆ ಬರುತ್ತಾರೆ. ನನಗೆ ತಿಳಿದಂತೆ ಭಾರತದಲ್ಲಿ ಇವತ್ತಿಗೂ ಬೋಲಂ ನಿಯಮವೇ. ಅದೇ ವಿಷಯದ ಜವಾಬ್ದಾರಿಯುತ ವೈದ್ಯರ ಒಂದು ಬಳಗ ಎಷ್ಟು ಹೇಳುತ್ತದೋ ಅಷ್ಟು ಹೇಳಿದರೆ ಸಾಕು. ಅಮೆರಿಕದ, ಇಂಗ್ಲೆಂಡಿನ ಹೊಸ ತೀರ್ಪುಗಳನ್ನು ಇಲ್ಲಿ ತಂದು ಹೆದರಿಸುವುದು ಯಾಕೆ?

ಸಿಟಿಸಿವಿಲ್_ವಕೀಲ:

ರಾವ್ ಸರ್, ಕಾನೂನಿನ ಮಟ್ಟಿಗೆ ನಿಮ್ಮ ಮಾತು ಬಹುಪಾಲು ಸರಿ. ಸಮೀರಾ ಕೊಹ್ಲಿಯಲ್ಲೇ ಕೋರ್ಟ್ ಅಮೆರಿಕದ ಕ್ಯಾಂಟರ್ಬರಿ ತೀರ್ಪಿನ (1972) ಮಾದರಿಯನ್ನು ಬೇಡವೆಂದಿತು. ಇಲ್ಲಿನ ಬಡತನ, ಓದಿನ ಮಟ್ಟ, ಡಾಕ್ಟರ ಮೇಲಿನ ನಂಬಿಕೆ ಇವನ್ನೆಲ್ಲ ಲೆಕ್ಕಕ್ಕೆ ತೆಗೆದುಕೊಂಡು ಇಂಗ್ಲೆಂಡಿನ ಹಾದಿ ಹಿಡಿಯಿತು. ದೂರದ, ತೀರಾ ಅಪರೂಪದ ಅಪಾಯಗಳನ್ನು ಹೇಳಬೇಕಿಲ್ಲ ಎಂದೂ ಬರೆದಿದೆ. ಆದ್ದರಿಂದ ಪಿತ್ತಕೋಶದ ಫಾರ್ಮಿನಲ್ಲಿ ಲಕ್ಷಕ್ಕೊಂದು ತೊಡಕನ್ನೂ ತುಂಬಬೇಕಾದ ಅಗತ್ಯವಿಲ್ಲ.

ಆದರೆ ನೀವು ಆತುಕೊಂಡ ಗೋಡೆಯ ಸ್ಥಿತಿ ಹೇಗಿದೆ ನೋಡಿ. ಬೋಲಂ ಇಂಗ್ಲೆಂಡಿನ 1957ರ ತೀರ್ಪು. ಮಾನಸಿಕ ಕಾಯಿಲೆಗೆ ವಿದ್ಯುತ್ ಚಿಕಿತ್ಸೆ ಕೊಡುವಾಗ ಸ್ನಾಯು ಸಡಿಲಿಸುವ ಔಷಧಿ ಕೊಡಲಿಲ್ಲ, ಮೂಳೆ ಮುರಿಯಬಹುದೆಂದು ಮೊದಲೇ ಹೇಳಲೂ ಇಲ್ಲ. ಸೊಂಟದ ಕೀಲಿನ ಗುಳಿಗಳೇ ಮುರಿದವು. ಆಗಿನ ವೈದ್ಯರಲ್ಲೇ ಎರಡು ಅಭಿಪ್ರಾಯವಿದ್ದುದರಿಂದ ಆಸ್ಪತ್ರೆ ಗೆದ್ದಿತು. 1997ರ ಬೊಲಿಥೊ ತೀರ್ಪು ಅದಕ್ಕೆ ಒಂದು ಕೊಂಡಿ ಹಾಕಿತು: ನಾಲ್ಕು ಜನ ತಜ್ಞರು ಬಂದು "ನಾವೂ ಹೀಗೇ ಮಾಡುತ್ತೇವೆ" ಅಂದರೆ ಸಾಲದು, ಹಾಗೆ ಮಾಡುವುದು ತರ್ಕಕ್ಕೆ ನಿಲ್ಲಬೇಕು. 2015ರಲ್ಲಿ ಬ್ರಿಟನ್ನಿನ ಸುಪ್ರೀಂ ಕೋರ್ಟ್ ಮಾಂಟ್‌ಗೋಮರಿ ಪ್ರಕರಣದಲ್ಲಿ, ಅಪಾಯ ತಿಳಿಸುವ ವಿಷಯಕ್ಕೆ ಬೋಲಂ ಅಳತೆಯನ್ನೇ ಕೈಬಿಟ್ಟಿತು. ಸಕ್ಕರೆ ಕಾಯಿಲೆಯ, ಕುಳ್ಳಗಿನ ತಾಯಿ. ಮಗುವಿನ ಭುಜ ಸಿಕ್ಕಿಕೊಳ್ಳುವ ಸಂಭವ ನೂರಕ್ಕೆ 9ರಿಂದ 10. ಹೇಳಿದರೆ ಸಿಸೇರಿಯನ್ ಕೇಳುತ್ತಾರೆಂದೇ ಡಾಕ್ಟರು ಹೇಳಲಿಲ್ಲ. ಮಗುವಿನ ಮೆದುಳಿಗೆ ಪೆಟ್ಟಾಯಿತು, ಪರಿಹಾರ 52.5 ಲಕ್ಷ ಪೌಂಡ್. ಅಂದಿನಿಂದ ಅಲ್ಲಿನ ಅಳತೆ, ಆ ರೋಗಿಯ ಜಾಗದಲ್ಲಿರುವ ವಿವೇಕಿ ಯಾವುದನ್ನು ಮುಖ್ಯವೆಂದು ಭಾವಿಸುತ್ತಾನೆ ಎಂಬುದು. ಅಂದರೆ ನಾವು 2008ರಲ್ಲಿ ಯಾರ ಮನೆಯಿಂದ ಅಳತೆಗೋಲು ತಂದೆವೋ ಅವರೇ ಅದನ್ನು ಎಸೆದಿದ್ದಾರೆ.

ಇಲ್ಲಿ ಮೂವರ ಪೀಠದ ತೀರ್ಪು ಇನ್ನೂ ನಿಂತಿದೆ. ಆದರೂ 2019ರ ಅರುಣ್ ಕುಮಾರ್ ಮಾಂಗ್ಲಿಕ್ ಪ್ರಕರಣದಲ್ಲಿ, ಡೆಂಗಿ ರೋಗಿಯ ಮೇಲೆ ಸಾಕಷ್ಟು ನಿಗಾ ಇಡದೆ ಸಾವಾದಾಗ, ಕಾನೂನು ರೋಗಿಯನ್ನು ಕೇಂದ್ರದಲ್ಲಿಟ್ಟು ಬೆಳೆಯಬೇಕು ಎಂದಿದೆ ನಮ್ಮ ಸುಪ್ರೀಂ ಕೋರ್ಟ್. ಅದೇ ವರ್ಷದ ಮಹಾರಾಜಾ ಅಗ್ರಸೇನ್ ಆಸ್ಪತ್ರೆ ಪ್ರಕರಣದಲ್ಲಿ, ಅವಧಿಗೆ ಮುನ್ನ ಹುಟ್ಟಿದ ಮಗುವಿನ ರೆಟಿನಾ ಪರೀಕ್ಷೆ ಮಾಡಿಸದೆ ದೃಷ್ಟಿ ಹೋದದ್ದಕ್ಕೆ 76 ಲಕ್ಷ. ಗಾಳಿ ಯಾವ ಕಡೆಗಿದೆ ಎಂಬುದು ಸ್ಪಷ್ಟ. ಹೊಸ ಫಾರ್ಮ್ ಬರೆಯುವವರು ಇನ್ನು ಹತ್ತು ವರ್ಷ ಬಾಳುವ ಹಾಗೆ ಬರೆಯಬೇಕಲ್ಲವೇ? ನನ್ನ ಸಲಹೆ ಇಷ್ಟು: ಕಡಿಮೆ ಸಂಭವದ್ದಾದರೂ ಆ ರೋಗಿಯ ಬದುಕಿಗೆ ದೊಡ್ಡದಾಗುವಂಥದ್ದನ್ನು ಕೈಯಲ್ಲಿ ಬರೆದು ಸೇರಿಸಿ. ಥೈರಾಯ್ಡ್ ಆಪರೇಷನ್ನಿನಲ್ಲಿ ದನಿ ಬದಲಾಗುವ ಅಪಾಯ ಎಲ್ಲರಿಗೂ ಒಂದೇ, ಆದರೆ ಸಂಗೀತ ಪಾಠ ಹೇಳಿ ಬದುಕುವವರಿಗೆ ಒಂದೇ ಅಲ್ಲ.

ಐಸಿಯು_ರಾತ್ರಿಪಾಳಿ:

ಮೂರನೇ ಪ್ರಶ್ನೆಗೆ. ಇದರ ಬೇರು ನಮ್ಮ ರಾಜ್ಯದವರೇ ಆದ ಅರುಣಾ ಶಾನಭಾಗ್. ಹೊನ್ನಾವರದ ಹಳದೀಪುರದವರು, ಮುಂಬೈಯ ಕೆಇಎಂ ಆಸ್ಪತ್ರೆಯಲ್ಲಿ ನರ್ಸ್. 1973ರ ನವೆಂಬರ್ 27ರಂದು ಹಲ್ಲೆಗೊಳಗಾಗಿ, 2015ರ ಮೇ 18ರವರೆಗೂ ಅದೇ ಆಸ್ಪತ್ರೆಯ ಹಾಸಿಗೆಯಲ್ಲಿದ್ದರು. 2011ರ ಮಾರ್ಚ್ 7ರ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಅವರ ಆಹಾರ ನಿಲ್ಲಿಸಲು ಒಪ್ಪಲಿಲ್ಲ. ನೋಡಿಕೊಳ್ಳುತ್ತಿದ್ದ ಆಸ್ಪತ್ರೆ ಸಿಬ್ಬಂದಿಗೆ ಅದು ಬೇಕಿರಲಿಲ್ಲ, ಅವರ ಮಾತಿಗೇ ತೂಕ ಸಿಕ್ಕಿತು. ಆದರೆ ತತ್ತ್ವವಾಗಿ, ಹೈಕೋರ್ಟಿನ ಅನುಮತಿ ಪಡೆದು ಜೀವರಕ್ಷಕ ಚಿಕಿತ್ಸೆ ಹಿಂತೆಗೆಯಬಹುದು ಎಂದಿತು. 2018ರ ಮಾರ್ಚ್ 9ರಂದು ಕಾಮನ್ ಕಾಸ್ ಪ್ರಕರಣದಲ್ಲಿ ಐವರ ಪೀಠ ಘನತೆಯ ಸಾವನ್ನು ಬದುಕುವ ಹಕ್ಕಿನ ಬಗ್ಗೆ ಹೇಳುವ ಸಂವಿಧಾನದ 21ನೇ ವಿಧಿಯ ಒಳಗೆ ತಂದಿತು, ಮುಂಗಡ ವೈದ್ಯಕೀಯ ನಿರ್ದೇಶನಕ್ಕೆ, ಅಂದರೆ ಜನ ಲಿವಿಂಗ್ ವಿಲ್ ಅನ್ನುತ್ತಾರಲ್ಲ ಅದಕ್ಕೆ, ಮಾನ್ಯತೆ ಕೊಟ್ಟಿತು. ಆದರೆ ಆ ವಿಧಾನ ಎಷ್ಟು ಉದ್ದವಿತ್ತೆಂದರೆ ಯಾರೂ ಬಳಸಲಿಲ್ಲ. ಸಹಿ ಮಾಡಲೂ ಮ್ಯಾಜಿಸ್ಟ್ರೇಟ್ ಬೇಕಿತ್ತು. 2023ರ ಜನವರಿ 24ರಂದು ಅದನ್ನು ಸರಳ ಮಾಡಿದರು. ಈಗ ನಿಮಗೆ ಬೇಕಾದದ್ದು ಈ 2023ರ ರೂಪ. ಇಂಟರ್ನೆಟ್ಟಿನಲ್ಲಿ ಇನ್ನೂ 2018ರ ಫಾರ್ಮುಗಳು ಸುತ್ತುತ್ತಿವೆ, ಇಳಿಸಿಕೊಳ್ಳಬೇಡಿ.

ಈಗಿನ ಕ್ರಮ ಹೀಗೆ. ಮೊದಲು ಆಸ್ಪತ್ರೆಯೇ ಪ್ರಾಥಮಿಕ ಮಂಡಳಿ ಮಾಡಬೇಕು: ಚಿಕಿತ್ಸೆ ಕೊಡುತ್ತಿರುವ ಡಾಕ್ಟರು, ಜೊತೆಗೆ ಆ ವಿಷಯದಲ್ಲಿ ಕನಿಷ್ಠ 5 ವರ್ಷ ಅನುಭವವಿರುವ ಇಬ್ಬರು. ಚೇತರಿಕೆಯ ಆಸೆಯಿಲ್ಲವೆಂದು ಅವರು ಸಾಧ್ಯವಾದಷ್ಟು 48 ಗಂಟೆಯೊಳಗೆ ಬರೆಯಬೇಕು. ಅವರು ಹೌದೆಂದರೆ ದ್ವಿತೀಯ ಮಂಡಳಿ: ಜಿಲ್ಲೆಯ ಆರೋಗ್ಯಾಧಿಕಾರಿ ಹೆಸರಿಸಿದ ಒಬ್ಬ ನೋಂದಾಯಿತ ವೈದ್ಯ, ಮೊದಲ ಮಂಡಳಿಯಲ್ಲಿ ಇರದ ಇಬ್ಬರು ತಜ್ಞರು, ಅದೇ 5 ವರ್ಷ, ಅದೇ 48 ಗಂಟೆ. ನಿರ್ದೇಶನ ಬರೆದಿಟ್ಟಿದ್ದರೆ ಅದರಲ್ಲಿ ಹೆಸರಿಸಿದವರ, ಇಲ್ಲದಿದ್ದರೆ ಹತ್ತಿರದ ಬಂಧುಗಳ ಲಿಖಿತ ಒಪ್ಪಿಗೆ. ಜಾರಿಗೆ ಮುನ್ನ ಆ ವ್ಯಾಪ್ತಿಯ ಜೆಎಂಎಫ್‌ಸಿ (ಪ್ರಥಮ ದರ್ಜೆ ನ್ಯಾಯಿಕ) ಮ್ಯಾಜಿಸ್ಟ್ರೇಟರಿಗೆ ಲಿಖಿತ ತಿಳಿವಳಿಕೆ. ಇದು ತಿಳಿಸುವುದು ಮಾತ್ರ, ಅಪ್ಪಣೆ ಕೇಳುವುದಲ್ಲ. ಉತ್ತರಕ್ಕಾಗಿ ಕಾಯುತ್ತಾ ಕೂತು ವಾರ ಕಳೆಯುವುದು ಅನವಶ್ಯಕ. ಮಂಡಳಿಗಳಲ್ಲಿ ಭಿನ್ನಮತ ಬಂದರೆ ಮಾತ್ರ ಹೈಕೋರ್ಟ್.

ಎಲ್ಲೆಡೆ ಕೆಲಸ ನಿಲ್ಲುತ್ತಿದ್ದದ್ದು ಆ ಸರ್ಕಾರಿ ಪ್ರತಿನಿಧಿಯ ಹೆಸರಿಗಾಗಿ. ಕರ್ನಾಟಕ ಆರೋಗ್ಯ ಇಲಾಖೆ 2025ರ ಜನವರಿ ಕೊನೆಯಲ್ಲಿ ಹೊರಡಿಸಿದ ಆದೇಶ ಆ ಗಂಟನ್ನು ಬಿಚ್ಚಿತು. ಅಂಗಾಂಗ ಕಸಿ ಕಾಯಿದೆಯಡಿ ಈಗಾಗಲೇ ಅನುಮೋದನೆ ಪಡೆದಿರುವ ನರರೋಗ ತಜ್ಞ, ನರ ಶಸ್ತ್ರತಜ್ಞ, ಸರ್ಜನ್, ಅರಿವಳಿಕೆ ತಜ್ಞ, ಐಸಿಯು ತಜ್ಞರನ್ನೇ ಜಿಲ್ಲಾ ಆರೋಗ್ಯಾಧಿಕಾರಿಯ ಪ್ರತಿನಿಧಿಯಾಗಿ ತೆಗೆದುಕೊಳ್ಳಬಹುದು. 40 ಹಾಸಿಗೆಯ ಕಡೆ ಅಂಥವರು ಇರುವುದಿಲ್ಲ. ಹತ್ತಿರದ ದೊಡ್ಡ ಆಸ್ಪತ್ರೆಯ ಜೊತೆ ಈಗಲೇ ಮಾತಾಡಿ ಹೆಸರು, ಫೋನ್ ನಂಬರ್ ಐಸಿಯು ಗೋಡೆಯ ಮೇಲೆ ಹಾಕಿಡಿ. ಭಾನುವಾರ ರಾತ್ರಿ ಹುಡುಕಲು ಹೊರಟರೆ ಸಿಗುವುದಿಲ್ಲ.

"ಸಲಹೆಗೆ ವಿರುದ್ಧ ಡಿಸ್ಚಾರ್ಜ್" ಎಂಬ ಅಡ್ಡದಾರಿ ಬಿಡಿ. ಆಂಬ್ಯುಲೆನ್ಸಿನಲ್ಲಿ ಉಸಿರು ಕೊಡುವ ಆಂಬು ಬ್ಯಾಗನ್ನು ಕೈಯಲ್ಲಿ ಒತ್ತುತ್ತಾ ಮನೆಗೆ ಒಯ್ದು ಅಲ್ಲಿ ಉಸಿರಿನ ಕೊಳವೆ ಎಳೆಯುವುದರಲ್ಲಿ ರೋಗಿಗೆ ಉಸಿರುಕಟ್ಟುವ ಸಂಕಟ, ಮಾರ್ಫಿನ್ ಇಲ್ಲ, ಬಂಧುಗಳಿಗೆ ಜೀವಮಾನದ ಅಪರಾಧಿ ಭಾವ. ದಾಖಲೆಯಲ್ಲಿ ಉಳಿಯುವುದು "ಡಾಕ್ಟರು ಬೇಡವೆಂದರೂ ಕರೆದೊಯ್ದರು" ಎಂಬ ಸುಳ್ಳು. ಕೊಳವೆ ತೆಗೆದ ಮೇಲೂ ನೋವು, ಉಸಿರಾಟದ ಸಂಕಟಕ್ಕೆ ಔಷಧಿ ಮುಂದುವರಿಯಬೇಕು. ಹಿಂತೆಗೆಯುವುದು ಯಂತ್ರವನ್ನು, ಆರೈಕೆಯನ್ನಲ್ಲ.

ಜಯನಗರ_ಕ್ವಾಲಿಟಿ:

ತುಂಬಾ ಉಪಕಾರವಾಯಿತು. ಇನ್ನೆರಡು ಉಳಿದಿವೆ. ಸಿಸೇರಿಯನ್ ಜೊತೆಗೇ ಸಂತಾನಹರಣ ಮಾಡುವಾಗ ಗಂಡನ ಸಹಿ ಬೇಕೇಬೇಕು ಅನ್ನುತ್ತಾರೆ ನಮ್ಮ ಡಾಕ್ಟರುಗಳು, ಮೇಲಿನದಕ್ಕೆ ಇದು ವಿರುದ್ಧವಲ್ಲವೇ? ಮತ್ತೆ, ಸಾಮಾನ್ಯ ನಾಗರಿಕರು ಮುಂಗಡ ನಿರ್ದೇಶನ ಬರೆದು ತಂದರೆ ನಾವು ಏನು ನೋಡಿ ಸ್ವೀಕರಿಸಬೇಕು?

ಓಬಿಜಿ_ಬಸವನಗುಡಿ:

ಗಂಡನ ಸಹಿಯ ಗೊಂದಲಕ್ಕೆ ಕಾರಣ ನಿಯಮಗಳೇ. 2002ರ ವೈದ್ಯಕೀಯ ನಡವಳಿಕೆ ನಿಯಮಾವಳಿಯ 7.16ರಲ್ಲಿ, ಸಂತಾನಶಕ್ತಿ ಹೋಗಬಹುದಾದ ಆಪರೇಷನ್ನಿಗೆ ಗಂಡ ಹೆಂಡತಿ ಇಬ್ಬರ ಒಪ್ಪಿಗೆಯೂ ಬೇಕೆಂದಿದೆ. 2023ರ ಆಗಸ್ಟಿನಲ್ಲಿ ಬಂದ ಹೊಸ ನಿಯಮಾವಳಿಯನ್ನು ಅದೇ ತಿಂಗಳು ತಡೆಹಿಡಿದದ್ದರಿಂದ ಈ 2002ರದ್ದೇ ನಡೆಯುತ್ತಿದೆ. ಇತ್ತ ಕೇಂದ್ರ ಆರೋಗ್ಯ ಇಲಾಖೆಯ ಸಂತಾನಹರಣ ಮಾರ್ಗಸೂಚಿ ಸಂಗಾತಿಯ ಒಪ್ಪಿಗೆ ಬೇಕಿಲ್ಲ ಅನ್ನುತ್ತದೆ. ಗರ್ಭಪಾತಕ್ಕಂತೂ 1971ರ ಕಾಯಿದೆಯ ಪ್ರಕಾರ 18 ತುಂಬಿದ ಮಹಿಳೆಯ ಒಪ್ಪಿಗೆ ಒಂದೇ ಸಾಕು, ಗಂಡನ ಸಹಿ ಕೇಳುವುದೇ ತಪ್ಪು.

ಆದ್ದರಿಂದ ಫಾರ್ಮಿನಲ್ಲಿ ಎರಡನ್ನೂ ಬೇರ್ಪಡಿಸಿ. ಸಂತಾನಹರಣಕ್ಕೆ ಸಿಸೇರಿಯನ್ ಹಾಳೆಯ ಮೂಲೆಯಲ್ಲಿ ಒಂದು ಸಾಲು ಗೀಚದೆ ಪ್ರತ್ಯೇಕ ಹಾಳೆ, ಅದರಲ್ಲಿ ಮಹಿಳೆಯ ಸಹಿ ಕಡ್ಡಾಯ. ಗಂಡನ ಸಹಿ 7.16ರ ಸಲುವಾಗಿ ಹೆಚ್ಚುವರಿ, ಆಕೆಯದರ ಬದಲಿಗೆ ಅಲ್ಲ. ಇಲ್ಲಿ ಹೆಚ್ಚು ಜಗಳವಾಗುವುದು "ಮತ್ತೆ ಗರ್ಭ ನಿಂತಿತು" ಎಂಬುದಕ್ಕೆ, ಹಾಗಾಗಿ ವಿಫಲವಾಗುವ ಸಾಧ್ಯತೆ ಇದೆ, ಮುಟ್ಟು ತಪ್ಪಿದರೆ ಕೂಡಲೇ ಬನ್ನಿ ಎಂಬ ಸಾಲು ದಪ್ಪಕ್ಷರದಲ್ಲಿರಲಿ. ಹೆರಿಗೆಯ ನಂತರದ ತೀವ್ರ ರಕ್ತಸ್ರಾವಕ್ಕೆ ಗರ್ಭಕೋಶ ತೆಗೆಯಬೇಕಾದಾಗ ಗಂಡ ಬರಲೆಂದು ಕಾಯಬೇಡಿ. ಅದು ಸಮೀರಾ ಕೊಹ್ಲಿ ಹೇಳಿದ ಆಪತ್ತಿನ ಬಾಗಿಲು, ಭಾರತೀಯ ನ್ಯಾಯ ಸಂಹಿತೆಯ 30ನೇ ಕಲಮಿನ ರಕ್ಷಣೆಯೂ ಇದೆ. ಎಷ್ಟು ರಕ್ತ ಹೋಗಿತ್ತು, ಬಿಪಿ ಎಷ್ಟು, ಯಾವ ಔಷಧಿ ಕೊಟ್ಟರೂ ನಿಲ್ಲಲಿಲ್ಲ ಎಂಬುದನ್ನು ಇಬ್ಬರು ಡಾಕ್ಟರುಗಳು ಗಂಟೆ ಸಮೇತ ಬರೆದು ಸಹಿ ಹಾಕಿ.

ಐಸಿಯು_ರಾತ್ರಿಪಾಳಿ:

ನಿರ್ದೇಶನದ ವಿಷಯ: ವಯಸ್ಕರು, ಸ್ವಂತ ಇಚ್ಛೆಯಿಂದ, ಬರಹದಲ್ಲಿ. ಇಬ್ಬರು ಸಾಕ್ಷಿಗಳು, ಜೊತೆಗೆ ನೋಟರಿ ಅಥವಾ ಗೆಜೆಟೆಡ್ ಅಧಿಕಾರಿಯ ದೃಢೀಕರಣ. ತಾನು ಹೇಳಲಾಗದ ಸ್ಥಿತಿಯಲ್ಲಿ ಪರವಾಗಿ ನಿರ್ಧರಿಸುವವರ ಹೆಸರು, ಒಬ್ಬರಿಗಿಂತ ಹೆಚ್ಚೂ ಇರಬಹುದು. ಒಂದು ಪ್ರತಿ ಆ ಹೆಸರಿಸಿದವರಿಗೆ, ಒಂದು ಸ್ಥಳೀಯ ಸಂಸ್ಥೆ ನೇಮಿಸಿದ ಅಧಿಕಾರಿಗೆ. ಬಿಬಿಎಂಪಿ ಐದು ಪಾಲಿಕೆಗಳಾಗಿ ಒಡೆದಿರುವುದರಿಂದ ನಿಮ್ಮ ಪಾಲಿಕೆಯಲ್ಲಿ ಯಾರೆಂದು ಅಲ್ಲೇ ಕೇಳಿಸಿಕೊಳ್ಳುವುದು ಒಳ್ಳೆಯದು. ಎರಡು ಪತ್ರಗಳಿದ್ದರೆ ಕೊನೆಯದು ಊರ್ಜಿತ. ಮಾನಸಿಕ ಆರೋಗ್ಯ ಕಾಯಿದೆಯಡಿಯ ಮುಂಗಡ ನಿರ್ದೇಶನವೂ ಇದೇ ಹೆಸರಿನಲ್ಲಿ ಓಡಾಡುತ್ತದೆ, ಅದು ಬೇರೆ. ಅಡ್ಮಿಷನ್ ಕೌಂಟರಿನಲ್ಲೇ "ಮುಂಗಡ ನಿರ್ದೇಶನ ಇದೆಯೇ" ಎಂದು ಕೇಳುವ ಒಂದು ಸಾಲು ಸೇರಿಸಿ. ಬೀರುವಿನಲ್ಲಿ ಭದ್ರವಾಗಿರುವ ಪತ್ರ ಐಸಿಯುಗೆ ತಲುಪುವಾಗ ತಡವಾಗಿರುತ್ತದೆ.

ಸಿಟಿಸಿವಿಲ್_ವಕೀಲ:

ಪೊಲೀಸ್ ಭಯದ ಬಗ್ಗೆ ಒಂದು ಮಾತು ಉಳಿಯಿತು. ಜೇಕಬ್ ಮ್ಯಾಥ್ಯೂ (5 ಆಗಸ್ಟ್ 2005) ಲೂಧಿಯಾನದ ಪ್ರಕರಣ. ಉಸಿರಾಡಲಾಗದ ರೋಗಿಗೆ ತಂದ ಆಮ್ಲಜನಕದ ಸಿಲಿಂಡರ್ ಖಾಲಿಯಿತ್ತು, ಇನ್ನೊಂದು ತರುವಷ್ಟರಲ್ಲಿ ಸಾವು. ಸುಪ್ರೀಂ ಕೋರ್ಟ್ ಡಾಕ್ಟರ ಮೇಲಿನ ಕ್ರಿಮಿನಲ್ ಕೇಸು ರದ್ದು ಮಾಡಿತು. ಸಿವಿಲ್ ನಿರ್ಲಕ್ಷ್ಯಕ್ಕೂ ಕ್ರಿಮಿನಲ್ ನಿರ್ಲಕ್ಷ್ಯಕ್ಕೂ ಗೆರೆ ಎಳೆದು, ಎರಡನೆಯದಕ್ಕೆ ಅತಿ ಘೋರ ನಿರ್ಲಕ್ಷ್ಯ ಬೇಕೆಂದಿತು. ತನಿಖಾಧಿಕಾರಿ ಮುಂದುವರಿಯುವ ಮುನ್ನ ಬೇರೊಬ್ಬ ಸಮರ್ಥ ವೈದ್ಯರ, ಸಾಧ್ಯವಾದರೆ ಸರ್ಕಾರಿ ವೈದ್ಯರ, ಅಭಿಪ್ರಾಯ ಪಡೆಯಬೇಕು. ಖಾಸಗಿ ದೂರಿಗೂ ಅಂಥ ಅಭಿಪ್ರಾಯ ಬೇಕು. ಆರೋಪ ಬಂದ ಕೂಡಲೇ ಸುಮ್ಮನೆ ಬಂಧಿಸುವಂತಿಲ್ಲ. 2024ರ ಜುಲೈ 1ರಿಂದ, ನಿರ್ಲಕ್ಷ್ಯದಿಂದ ಸಾವು ತಂದವರ ಶಿಕ್ಷೆಗೆ ನ್ಯಾಯ ಸಂಹಿತೆಯ 106(1) ಜಾರಿಯಲ್ಲಿದೆ: ಉಳಿದವರಿಗೆ ಗರಿಷ್ಠ 5 ವರ್ಷ, ಚಿಕಿತ್ಸೆ ಕೊಡುವಾಗಿನ ನಿರ್ಲಕ್ಷ್ಯಕ್ಕೆ ನೋಂದಾಯಿತ ವೈದ್ಯರಿಗೆ 2 ವರ್ಷ. ರಿಯಾಯಿತಿ ಎಂದು ಸುದ್ದಿಯಾಯಿತು, ಆದರೆ ಹಳೆಯ ದಂಡ ಸಂಹಿತೆಯ 304ಎ ಕಲಮಿನಲ್ಲಿ ಬರೀ ದಂಡ ಹಾಕಿ ಬಿಡಲು ಅವಕಾಶವಿತ್ತು, ಈಗ ಜೈಲು ಮತ್ತು ದಂಡ ಎಂದಿದೆ.

ನಿಜವಾಗಿ ಹೆಚ್ಚು ಬರುವುದು ಗ್ರಾಹಕ ಆಯೋಗದ ನೋಟಿಸು. 1995ರ ವಿ.ಪಿ. ಶಾಂತಾ ತೀರ್ಪು ಆ ಬಾಗಿಲು ತೆರೆಯಿತು. ಎಲ್ಲರಿಗೂ ಪೂರ್ತಿ ಉಚಿತವಾಗಿ ನೋಡುವ ಆಸ್ಪತ್ರೆ ಮಾತ್ರ ಹೊರಗೆ. ಕೆಲವರಿಗೆ ಹಣ, ಕೆಲವರಿಗೆ ಉಚಿತ ಇದ್ದರೆ ಉಚಿತದವರೂ ಗ್ರಾಹಕರೇ. 2019ರ ಕಾಯಿದೆಯಲ್ಲೂ ವೈದ್ಯರು ಒಳಗೇ ಇದ್ದಾರೆ. ಸಾಮಾನ್ಯ ಗಡುವು 2 ವರ್ಷ, ದೂರುದಾರರು ತಾವು ವಾಸವಿರುವ ಜಿಲ್ಲೆಯಲ್ಲೇ ಹಾಕಬಹುದು. ಅಂದರೆ ನಿಮ್ಮಲ್ಲಿ ಚಿಕಿತ್ಸೆ ಪಡೆದ ಕಲಬುರಗಿಯವರ ಕೇಸಿಗೆ ಕಲಬುರಗಿಗೇ ಹೋಗಬೇಕಾಗುತ್ತದೆ. ವೈದ್ಯರ ನಡವಳಿಕೆಯ ದೂರಾದರೆ ಕರ್ನಾಟಕ ವೈದ್ಯಕೀಯ ಪರಿಷತ್ತು. ಅಲ್ಲಿ ಹಣದ ಪರಿಹಾರ ಸಿಗುವುದಿಲ್ಲ, ಎಚ್ಚರಿಕೆ ಅಥವಾ ನೋಂದಣಿ ಅಮಾನತಿನಂಥ ಕ್ರಮ.

ಎಂಆರ್‌ಡಿ_ಮಂಜುಳಾ:

ದಾಖಲೆ ಕೇಳಿದವರಿಗೆ 72 ಗಂಟೆಯೊಳಗೆ ಕೊಡಬೇಕು ಎಂಬುದೂ ಅದೇ 2002ರ ನಿಯಮಾವಳಿಯಲ್ಲಿದೆ. ಅರ್ಜಿಯ ಮೇಲೆ ಬಂದ ದಿನ, ಗಂಟೆ ಬರೆದು ಸೀಲು ಹಾಕಿ ಒಂದು ಪ್ರತಿ ವಾಪಸ್ ಕೊಡಿ. "ಬಿಲ್ ಬಾಕಿ ಇದೆ, ಕೇಸ್ ಶೀಟ್ ಕೊಡುವುದಿಲ್ಲ" ಎಂಬ ಉತ್ತರವನ್ನು ಯಾವ ಆಯೋಗವೂ ಒಪ್ಪುವುದಿಲ್ಲ. ಇಟ್ಟುಕೊಳ್ಳಬೇಕಾದ ಅವಧಿ ಒಳರೋಗಿಗಳದ್ದು ಚಿಕಿತ್ಸೆ ಶುರುವಾದ ದಿನದಿಂದ 3 ವರ್ಷ. ಹೆರಿಗೆ ಮತ್ತು ನವಜಾತ ಶಿಶುಗಳ ಕೇಸ್ ಶೀಟುಗಳನ್ನು ಮಾತ್ರ 3 ವರ್ಷಕ್ಕೆ ರದ್ದಿಗೆ ಹಾಕಬೇಡಿ. ಮಗುವಿನ ಹೆಸರಲ್ಲಿ ಕೇಸು ಎಷ್ಟೋ ವರ್ಷದ ಮೇಲೂ ಬರಬಹುದು. ಸ್ಕ್ಯಾನ್ ಮಾಡುವಾಗ ಕನ್ಸೆಂಟ್ ಫಾರ್ಮಿನ ಹಿಂಬದಿ ಬಿಟ್ಟುಹೋಗುವುದು ಸಾಮಾನ್ಯ, ಕೈಯಲ್ಲಿ ಬರೆದು ಸೇರಿಸಿದ ಅಪಾಯಗಳು ಇರುವುದು ಅಲ್ಲೇ. ಆದ್ದರಿಂದ ಹೊಸ ಫಾರ್ಮನ್ನು ಒಂದೇ ಬದಿಗೆ ಅಚ್ಚು ಹಾಕಿಸಿ.